ನೆಲದೊಳಗಿನ ಊರಿಗೆ ಹೋಗುವ ಮುಂಚೆ: ಕು ಚಿ ಸುರಂಗದ ಬಗ್ಗೆ ನಿಮ್ಮ ಪ್ರಶ್ನೆಗಳು

ಹಿಂದಿನ ಸಂಚಿಕೆಯಲ್ಲಿ ವಿಯೆಟ್ನಾಂ ಪ್ರವಾಸದ ಬಗ್ಗೆ ಬರೆದಾಗ ಕು ಚಿ ಸುರಂಗಗಳಿಗೆ ಎರಡೇ ಸಾಲು ಕೊಟ್ಟಿದ್ದೆ. (ಅಮೆರಿಕ ಮತ್ತು ದಕ್ಷಿಣ ವಿಯೆಟ್ನಾಂ ಸರ್ಕಾರದ ಸೇನೆಗಳ ವಿರುದ್ಧ ಹೋರಾಡಿದ ಕಮ್ಯುನಿಸ್ಟ್ ಗೆರಿಲ್ಲಾಗಳು ಅಡಗಿ ಬದುಕಿದ ಸುರಂಗಗಳು ಅವು.) ಬಂದ ಪತ್ರಗಳಲ್ಲಿ ಮುಕ್ಕಾಲು ಪಾಲು ಆ ಎರಡು ಸಾಲಿನ ಮೇಲೇ ಇವೆ. ಅಲ್ಲಿಗೆ ನಾನು ಎರಡು ಸಲ ಹೋಗಿದ್ದೇನೆ. ಮೊದಲ ಸಲ ದೊಡ್ಡ ಬಸ್ಸಿನಲ್ಲಿ, ಗುಂಪಿನ ಜೊತೆ. ಎರಡನೇ ಸಲ ಅಮ್ಮನ ಜೊತೆ, ನಮ್ಮಿಬ್ಬರಿಗೇ ಅಂತ ಒಬ್ಬ ಗೈಡ್ ಮತ್ತು ಕಾರು ಮಾಡಿಕೊಂಡು. ಎರಡು ಸಲವೂ ಅದೇ ಕು ಚಿ, ಆದರೆ ಮನೆಗೆ ತಂದ ನೆನಪು ಮಾತ್ರ ಒಂದಕ್ಕೊಂದು ಸಂಬಂಧವೇ ಇಲ್ಲ. ಹಾಗಾಗಿ ಈ ಸಲ ಪೂರ್ತಿ ಪುಟ ಅದಕ್ಕೇ ಮೀಸಲು.

ಮೇಡಂ, ನಾವು ನಾಲ್ಕು ಜನ ಹೋಗ್ತಾ ಇದ್ದೇವೆ, ಜೊತೆಗೆ ಎಪ್ಪತ್ತು ದಾಟಿದ ಅಪ್ಪಾಜಿ ಇದ್ದಾರೆ, ಅವರಿಗೆ ಮಂಡಿ ನೋವು. ಗುಂಪಿನ ಟೂರ್ ತುಂಬಾ ಅಗ್ಗ. ಖಾಸಗಿ ಗೈಡ್ ಅಂದರೆ ಅದರ ಮೂರು ನಾಲ್ಕು ಪಟ್ಟು ಕೇಳ್ತಾರೆ. ಅಷ್ಟು ಕೊಡೋದು ಬೇಕಾ?
*ದಾವಣಗೆರೆಯ ಓದುಗರು*

ನಿಮ್ಮ ಮನೆಯ ವಿಷಯದಲ್ಲಿ ಬೇಕು. ಯಾಕೆ ಅಂತ ನನ್ನ ಮೊದಲ ಸಲದ ಕಥೆಯಿಂದಲೇ ಹೇಳುತ್ತೇನೆ.

ಆವತ್ತು ಬಸ್ಸಿನಲ್ಲಿ ಮೂವತ್ತೆಂಟು ಜನ ಇದ್ದೆವು. ಬೆಳಿಗ್ಗೆ ಎಂಟಕ್ಕೆ ಹೊರಡಬೇಕಿದ್ದ ಬಸ್ಸು ಹೋಟೆಲ್ ಹೋಟೆಲ್ ಸುತ್ತಿ ಜನರನ್ನು ಹತ್ತಿಸಿಕೊಂಡು ಊರು ಬಿಡುವಷ್ಟರಲ್ಲಿ ಒಂಬತ್ತೂವರೆ. ದಾರಿಯಲ್ಲಿ ಒಂದು ಕರಕುಶಲ ಅಂಗಡಿಯ ಮುಂದೆ ಮುಕ್ಕಾಲು ಗಂಟೆ ನಿಲ್ಲಿಸಿದರು. ಸುರಂಗದ ಜಾಗ ಮುಟ್ಟಿದಾಗ ಬಿಸಿಲು ನೆತ್ತಿಗೆ ಬಂದಿತ್ತು, ನಮ್ಮಂಥದ್ದೇ ಹತ್ತಾರು ಬಸ್ಸು ಅಲ್ಲಿ ನಿಂತಿದ್ದವು. ಮುಚ್ಚಳದ ಗುಂಡಿ ನೋಡಲು ಸಾಲು, ಸುರಂಗಕ್ಕೆ ಇಳಿಯಲು ಸಾಲು. ಗೈಡ್ ಪಾಪ ಒಳ್ಳೆಯವರೇ, ಆದರೆ ಮೂವತ್ತೆಂಟು ಜನರನ್ನು ಎಣಿಸಿ ಎಣಿಸಿಯೇ ಅವರ ಹೊತ್ತು ಕಳೆಯಿತು. ಹಿಂದೆ ನಿಂತವರಿಗೆ ಏನೂ ಕೇಳಲಿಲ್ಲ. ಎರಡು ಗಂಟೆಯೊಳಗೆ ಎಲ್ಲ ಮುಗಿಸಿ ವಾಪಸ್ ಬಸ್ಸು. ಯಾರಾದರೂ ಕೇಳಿದ್ದರೆ ಒಂದು ಗುಂಡಿ, ಒಂದು ಟ್ಯಾಂಕು, ಒಂದಷ್ಟು ಬೊಂಬೆಗಳನ್ನು ನೋಡಿದೆ ಅಂತ ಹೇಳುತ್ತಿದ್ದೆ, ಅಷ್ಟೇ.

ಖಾಸಗಿ ಗೈಡ್ ಅಂದರೆ ಕಾರಿನ ಎ.ಸಿ. ಸುಖಕ್ಕೆ ದುಡ್ಡು ಕೊಡುವುದು ಅಂತ ಅಂದುಕೊಳ್ಳಬೇಡಿ. ನೀವು ಕೊಳ್ಳುವುದು ಸಮಯ. ಬೆಳಿಗ್ಗೆ ಆರೂವರೆಗೆ ಹೊರಡಬಹುದು, ಬಸ್ಸುಗಳು ಬರುವ ಮುಂಚೆ ಕಾಡಿನೊಳಗೆ ಇರಬಹುದು. ಅಪ್ಪಾಜಿ ಅಲ್ಲಲ್ಲಿ ಬೆಂಚಿನ ಮೇಲೆ ಕೂತು ಸುಧಾರಿಸಿಕೊಳ್ಳಬಹುದು, ಯಾರೂ ಬಾವುಟ ಎತ್ತಿ 'ಬೇಗ ಬೇಗ' ಅನ್ನುವುದಿಲ್ಲ. ಕಾರಿನ ಬಾಡಿಗೆ, ಗೈಡ್ ಶುಲ್ಕ ನಾಲ್ಕು ಜನಕ್ಕೂ ಸೇರಿ ಒಂದೇ ಆದ್ದರಿಂದ ತಲೆಗೆ ಹಂಚಿ ನೋಡಿ, ಮೊದಲು ಕೇಳಿದಾಗ ಆದಷ್ಟು ಗಾಬರಿ ಆಗುವುದಿಲ್ಲ. ಒಬ್ಬರೇ ಹೋಗುವವರಿಗೆ ಮಾತ್ರ ಇದು ನಿಜಕ್ಕೂ ದುಬಾರಿ. ಅಂಥವರು ಹತ್ತು ಜನಕ್ಕಿಂತ ಕಡಿಮೆ ಇರುವ ಸಣ್ಣ ಗುಂಪನ್ನು ಹುಡುಕಲಿ.

ಅಪ್ಪಾಜಿಯವರ ಮಂಡಿ ಬಗ್ಗೆ ಒಂದು ಮಾತು. ಮೇಲಿನ ದಾರಿ ಬಹುಪಾಲು ಸಮತಟ್ಟು, ಮರಗಳ ನೆರಳು ಇದೆ, ನಿಧಾನವಾಗಿ ನಡೆಯಬಹುದು. ಸುರಂಗದೊಳಗೆ ಮಾತ್ರ ಅವರನ್ನು ಇಳಿಸಬೇಡಿ. ಒಳಗೆ ಕುಕ್ಕರುಗಾಲಿನಲ್ಲೇ ಸಾಗಬೇಕು, ಕೆಲವು ಕಡೆ ಅಂಬೆಗಾಲು. ಮಂಡಿ ಸರಿ ಇರುವ ನನಗೇ ಮರುದಿನ ಮೆಟ್ಟಿಲು ಇಳಿಯಲು ಆಗಲಿಲ್ಲ.

ಬೆನ್ ದಿನ್, ಬೆನ್ ದುವೊಕ್ ಅಂತ ಎರಡು ಹೆಸರು ಕಾಣ್ತಿವೆ. ಎರಡೂ ಒಂದೇನಾ? ಯಾವುದಕ್ಕೆ ಹೋಗಬೇಕು?
*ಹುಬ್ಬಳ್ಳಿಯ ಓದುಗರು*

ಎರಡೂ ಕು ಚಿ ಸೀಮೆಯಲ್ಲೇ ಇವೆ, ಆದರೆ ಬೇರೆ ಬೇರೆ ಜಾಗ. ಹೊ ಚಿ ಮಿನ್ ನಗರದಿಂದ, ಅಂದರೆ ಹಳೆಯ ಸೈಗಾನ್‌ನಿಂದ, ವಾಯವ್ಯಕ್ಕೆ ಸುಮಾರು 50 ಕಿಲೋಮೀಟರ್ ಹೋದರೆ ಬೆನ್ ದಿನ್. ಇನ್ನೂ ಸ್ವಲ್ಪ ಮುಂದೆ ಬೆನ್ ದುವೊಕ್. ಹತ್ತಿರ ಅನ್ನುವ ಕಾರಣಕ್ಕೆ ಗುಂಪಿನ ಬಸ್ಸುಗಳು ಹೆಚ್ಚಾಗಿ ಬೆನ್ ದಿನ್‌ಗೇ ಹೋಗುತ್ತವೆ. ಬೆನ್ ದುವೊಕ್‌ನಲ್ಲಿ ವಿದೇಶಿಯರು ಕಡಿಮೆ, ಶಾಲೆ ಮಕ್ಕಳು ಮತ್ತು ಅಲ್ಲಿಯವರೇ ಆದ ಕುಟುಂಬಗಳು ಜಾಸ್ತಿ.

ನನ್ನ ಆಯ್ಕೆ ಬೆನ್ ದುವೊಕ್, ಅದೂ ಒಂದೇ ಕಾರಣಕ್ಕೆ. ಅಲ್ಲಿ ಒಂದು ಸ್ಮಾರಕ ಮಂದಿರ ಇದೆ. 1995ರಲ್ಲಿ ತೆರೆದದ್ದು. ಒಳಗೆ ಮೂರು ಗೋಡೆಗಳ ತುಂಬ ಹೆಸರುಗಳು, ಫ್ರೆಂಚರ ವಿರುದ್ಧದ ಮತ್ತು ಅಮೆರಿಕದ ವಿರುದ್ಧದ ಎರಡೂ ಯುದ್ಧಗಳಲ್ಲಿ ಈ ಸೀಮೆಯಲ್ಲಿ ಸತ್ತವರದು. 44 ಸಾವಿರಕ್ಕೂ ಹೆಚ್ಚು ಹೆಸರು. ಅಮ್ಮ ಚಪ್ಪಲಿ ಬಿಟ್ಟು ಒಳಗೆ ಹೋಗಿ, ಅಲ್ಲಿ ಕೊಟ್ಟ ಊದುಬತ್ತಿ ಹಚ್ಚಿ, ಸುಮ್ಮನೆ ಒಂದು ಸಾಲಿನ ಮುಂದೆ ನಿಂತುಬಿಟ್ಟರು. ಅವರಿಗೆ ಓದಲು ಬರುವ ಲಿಪಿಯಲ್ಲ. 'ಈ ಸಾಲಿನಲ್ಲಿ ಎಲ್ಲರದ್ದೂ ಮೊದಲನೇ ಪದ ಒಂದೇ ಇದೆಯಲ್ಲ' ಅಂದರು. ಗೈಡ್ ಹೇಳಿದರು, ಅಲ್ಲಿ ಮನೆತನದ ಹೆಸರು ಮೊದಲು ಬರುತ್ತದೆ, ಆಮೇಲೆ ಅವರವರ ಹೆಸರು. ಆ ಸಾಲು ಪೂರ್ತಿ ನುಯೆನ್ ಅನ್ನುವ ಮನೆತನದ ಹೆಸರೇ. ಅದು ಆ ದೇಶದಲ್ಲಿ ಎಲ್ಲಕ್ಕಿಂತ ಹೆಚ್ಚು ಜನರಿಗೆ ಇರುವ ಹೆಸರು. ಒಂದೇ ಮನೆಯವರು ಅಂತಲ್ಲ, ಆದರೂ ಅಮ್ಮನಿಗೆ ಅದು ಒಂದೇ ಮನೆಯ ಹಾಗೆ ಕಂಡಿತ್ತು. ಗುಂಪಿನ ಟೂರಿನಲ್ಲಿ ಈ ಮಂದಿರ ಬರುವುದೇ ಅಪರೂಪ. ಗೈಡ್ ಹತ್ತಿರ ಮೊದಲೇ 'ಬೆನ್ ದುವೊಕ್, ಮಂದಿರ ಸೇರಿಸಿ' ಅಂತ ಹೇಳಿ ಬರೆಸಿಕೊಳ್ಳಿ.

ನಾನು ನಿವೃತ್ತ ಇತಿಹಾಸ ಶಿಕ್ಷಕ. ಅಷ್ಟು ಬಾಂಬು ಬಿದ್ದರೂ ಆ ಸುರಂಗಗಳು ಉಳಿದದ್ದು ಹೇಗೆ? ಒಳಗೆ ಜನ ನಿಜವಾಗಿ ಬದುಕುತ್ತಿದ್ದರಾ ಅಥವಾ ಬರೀ ಅಡಗಿಕೊಳ್ಳಲು ಇದ್ದ ಗುಂಡಿಗಳಾ?
*ಹಾಸನದ ಓದುಗರು*

ಮೇಷ್ಟ್ರೇ, ಬದುಕುತ್ತಿದ್ದರು. ಅದನ್ನು ಅರ್ಥ ಮಾಡಿಕೊಳ್ಳಲು ಮೊದಲು ಮಣ್ಣನ್ನು ನೋಡಬೇಕು.

ಕು ಚಿಯ ಮಣ್ಣು ನಮ್ಮ ಕರಾವಳಿಯವರಿಗೆ ಪರಿಚಯದ್ದೇ. ಕಬ್ಬಿಣದ ಅಂಶ ಇರುವ ಕೆಂಪು ಜೇಡಿ, ನಾವು ಜಂಬಿಟ್ಟಿಗೆ, ಕೆಂಪುಕಲ್ಲು, ಚಿರೆಕಲ್ಲು ಅಂತ ಊರಿಗೊಂದು ಹೆಸರಿನಲ್ಲಿ ಕರೆಯುವ ಜಾತಿಯದು. ಮಳೆಗಾಲದಲ್ಲಿ ಮೆತ್ತಗೆ, ಗುದ್ದಲಿಗೆ ಬಗ್ಗುತ್ತದೆ. ಒಣಗಿದ ಮೇಲೆ ಇಟ್ಟಿಗೆಯ ಹಾಗೆ ಗಟ್ಟಿ. (ಇಂಗ್ಲಿಷಿನ ಲ್ಯಾಟರೈಟ್ ಅನ್ನುವ ಹೆಸರೂ ಲ್ಯಾಟಿನ್ನಿನ ಇಟ್ಟಿಗೆ ಅನ್ನುವ ಪದದಿಂದಲೇ ಬಂದದ್ದು. ಆ ಹೆಸರು ಕೊಟ್ಟವರು ಮೈಸೂರು, ಕೆನರಾ, ಮಲಬಾರ್ ಸುತ್ತಿದ ಫ್ರಾನ್ಸಿಸ್ ಬುಕನನ್, 1807ರಲ್ಲಿ. ನಮ್ಮ ಜಂಬಿಟ್ಟಿಗೆಯಲ್ಲೂ ಇಟ್ಟಿಗೆ ಇದೆ ನೋಡಿ.) ಕಂಬ ಇಲ್ಲದೆ, ಸಿಮೆಂಟು ಇಲ್ಲದೆ ಆ ಸುರಂಗಗಳು ನಿಂತದ್ದಕ್ಕೆ ಮೊದಲ ಕಾರಣ ಈ ಮಣ್ಣು. ಗೈಡ್ ಒಂದು ಕಡೆ ನಿಲ್ಲಿಸಿ ಒಳಗೋಡೆಯ ಮೇಲೆ ಉಗುರಿನಿಂದ ಕೆರೆಯಲು ಹೇಳಿದರು. ಕೆರೆದೆ. ಬರೀ ಗೀರು ಬಿತ್ತು, ಒಂದು ಚೂರೂ ಉದುರಲಿಲ್ಲ.

ತೋಡಲು ಶುರು ಮಾಡಿದ್ದು 1940ರ ದಶಕದ ಕೊನೆಯಲ್ಲಿ, ಫ್ರೆಂಚರ ವಿರುದ್ಧ. ಆಗ ಬಿಡಿ ಬಿಡಿ ಗುಂಡಿಗಳು, ಕಾಗದಪತ್ರ ಮತ್ತು ಆಯುಧ ಬಚ್ಚಿಡಲು. ಆಮೇಲೆ ಹಳ್ಳಿಯಿಂದ ಹಳ್ಳಿಗೆ ಸೇರಿಸುತ್ತ ಹೋದರು. ಅಮೆರಿಕದ ಸೇನೆ ಬರುವ ಹೊತ್ತಿಗೆ ಅದು ಬೆಳೆದು, ಕೊನೆಗೆ ಒಟ್ಟು ಉದ್ದ 200 ಕಿಲೋಮೀಟರ್ ದಾಟಿತ್ತು. ಕೈಗುದ್ದಲಿ ಮತ್ತು ಬುಟ್ಟಿ, ಇಷ್ಟೇ ಸಲಕರಣೆ. ತೋಡಿದ ಮಣ್ಣು ಮೇಲೆ ರಾಶಿ ಬಿದ್ದರೆ ವಿಮಾನದಿಂದ ಕಾಣುತ್ತದೆ ಅಲ್ವಾ? ಅದಕ್ಕೆ ಅದನ್ನು ಹೊಲಕ್ಕೆ ಹರಡುತ್ತಿದ್ದರು, ನದಿಗೆ ಸುರಿಯುತ್ತಿದ್ದರು, ಬಾಂಬು ಬಿದ್ದ ಹೊಂಡಗಳಿಗೇ ತುಂಬುತ್ತಿದ್ದರು.

ಒಳಗೆ ಮೂರು ಅಂತಸ್ತು. ಮೇಲಿನದು ಸುಮಾರು 3 ಮೀಟರ್ ಆಳದಲ್ಲಿ, ನಡುವಿನದು 6 ಮೀಟರ್, ಕೆಳಗಿನದು ಇನ್ನೂ ಆಳ. ದಾರಿ ನೇರ ಹೋಗುವುದಿಲ್ಲ, ಅಡ್ಡಾದಿಡ್ಡಿ ತಿರುಗುತ್ತದೆ, ಯಾಕೆಂದರೆ ನೇರ ದಾರಿಯಲ್ಲಿ ಗುಂಡು ಮತ್ತು ಸ್ಫೋಟದ ಹೊಡೆತ ಕೊನೆಯವರೆಗೂ ಸಾಗುತ್ತದೆ. ಹೊಗೆ, ವಿಷಾನಿಲ ಬಿಟ್ಟರೆ ಮುಂದೆ ಹೋಗದ ಹಾಗೆ ಕೆಲವು ಕಡೆ ದಾರಿಯನ್ನು ಕೆಳಗೆ ಬಗ್ಗಿಸಿ ಅಲ್ಲಿ ನೀರು ನಿಲ್ಲಿಸುತ್ತಿದ್ದರು. ಕೆಲವು ಬಾಗಿಲು ಸೈಗಾನ್ ನದಿಯ ದಡದಲ್ಲಿ ತೆರೆಯುತ್ತಿದ್ದವು. ಸಭೆಯ ಕೋಣೆ, ಗಾಯಾಳುಗಳ ಆರೈಕೆಗೆ ಜಾಗ, ಬಾವಿ, ಉಗ್ರಾಣ, ಸಿಡಿಯದೆ ಬಿದ್ದ ಅಮೆರಿಕದ ಬಾಂಬುಗಳ ಮದ್ದು ತೆಗೆದು ತಮ್ಮ ಆಯುಧ ಮಾಡಿಕೊಳ್ಳುತ್ತಿದ್ದ ಕಾರ್ಖಾನೆ, ಎಲ್ಲ ಒಳಗೇ.

ನನಗೆ ಎಲ್ಲಕ್ಕಿಂತ ಹಿಡಿಸಿದ್ದು ಅಡುಗೆಮನೆ. ಒಲೆ ಹಚ್ಚಿದರೆ ಹೊಗೆ ಏಳುತ್ತದೆ, ಹೊಗೆ ಎದ್ದರೆ ವಿಮಾನ ಬರುತ್ತದೆ. ಇದಕ್ಕೆ ದಾರಿ ಕಂಡುಹಿಡಿದವರು ಹೊಆಂಗ್ ಕಾಮ್ ಅನ್ನುವ ಸೇನೆಯ ಅಡುಗೆಯವರು, ಫ್ರೆಂಚರ ವಿರುದ್ಧದ ಯುದ್ಧದ ಕಾಲದಲ್ಲೇ. ಆ ಒಲೆಗೆ ಇವತ್ತಿಗೂ ಅವರದ್ದೇ ಹೆಸರು. ಒಲೆಯಿಂದ ಹೊಗೆ ನೇರ ಮೇಲೆ ಬರುವುದಿಲ್ಲ. ನೆಲದೊಳಗೆ ಒಂದರ ನಂತರ ಒಂದು ಗೂಡು, ಉದ್ದ ಕಾಲುವೆ. ಅಲ್ಲಿ ಸುತ್ತಿ ಸುತ್ತಿ ಹೊಗೆ ತಣ್ಣಗಾಗಿ, ತೆಳ್ಳಗಾಗಿ, ದೂರದಲ್ಲೆಲ್ಲೋ ಎಲೆಗಳ ಅಡಿಯಿಂದ ನೆಲಕ್ಕೆ ಅಂಟಿಕೊಂಡ ಹಾಗೆ ಹೊರಬೀಳುತ್ತದೆ. ಬೆಳಗಿನ ಜಾವ ಅಡುಗೆ ಮಾಡಿದರೆ ಅದು ಮಂಜಿನ ಜೊತೆ ಬೆರೆತು ಗೊತ್ತೇ ಆಗುತ್ತಿರಲಿಲ್ಲ. ನಾವು ಹೋದಾಗ ಒಂದು ಒಲೆ ಉರಿಯುತ್ತಿತ್ತು. ಗೈಡ್ ನಮ್ಮನ್ನು ಹತ್ತು ಹನ್ನೆರಡು ಹೆಜ್ಜೆ ಆಚೆ ಕರೆದುಕೊಂಡು ಹೋಗಿ ಕೆಳಗೆ ನೋಡಲು ಹೇಳಿದರು. ಒಣ ಎಲೆಗಳ ಸಂದಿಯಿಂದ, ಸ್ನಾನಕ್ಕೆ ಕಾಯಿಸಿದ ನೀರಿನ ಆವಿಯಷ್ಟು ತೆಳ್ಳಗೆ ಹೊಗೆ ಹೊರಡುತ್ತಿತ್ತು. ಮಣ್ಣಿನ ಒಲೆಯಲ್ಲಿ ನಲವತ್ತು ವರ್ಷ ಬೇಯಿಸಿದ ಅಮ್ಮ ಅಲ್ಲೇ ಕೂತು ಕೈ ಹಿಡಿದು ನೋಡಿದರು. 'ಬಿಸಿಯೇ ಇಲ್ಲವಲ್ಲೇ' ಅಂದರು.

ಉಸಿರಾಟಕ್ಕೆ ಸಣ್ಣ ಕೊಳವೆಗಳು. ಅವುಗಳ ಬಾಯಿ ಹೊರಗೆ ಹುತ್ತದ ಹಾಗೆ ಇರುತ್ತಿತ್ತು. ನಾನು ಮೊದಲ ಸಲ ಹೋದಾಗ ಅಂಥ ಹುತ್ತದ ಪಕ್ಕದಲ್ಲೇ ನಿಂತು ಫೋಟೋ ತೆಗೆಸಿಕೊಂಡಿದ್ದೆ, ಅದು ಏನು ಅಂತ ಗೊತ್ತಿಲ್ಲದೆ. ಅಮೆರಿಕದ ಸೈನಿಕರು ನಾಯಿಗಳನ್ನು ತಂದಾಗ ಸುರಂಗದವರು ಆ ಬಾಯಿಗಳ ಹತ್ತಿರ ಮೆಣಸಿನ ಪುಡಿ ಇಟ್ಟರು, ಆಮೇಲೆ ಅಮೆರಿಕದವರದ್ದೇ ಸೋಪು ಮತ್ತು ಬಟ್ಟೆ. ನಾಯಿಗೆ ತಮ್ಮವರ ವಾಸನೆಯೇ ಬರುತ್ತಿತ್ತು.

ಆದರೆ ಮೇಷ್ಟ್ರೇ, ಉಳಿದವು ಅನ್ನುವ ಮಾತನ್ನು ಸ್ವಲ್ಪ ತಡೆದು ಹೇಳಬೇಕು. ಸುರಂಗಗಳನ್ನು ಮುಗಿಸಲು ಅಮೆರಿಕದ ಕಡೆಯವರು ನಡೆಸಿದ ಕಾರ್ಯಾಚರಣೆಗಳಿವೆ: 1966ರ ಜನವರಿಯಲ್ಲಿ ಆಪರೇಷನ್ ಕ್ರಿಂಪ್, 1967ರ ಜನವರಿಯಲ್ಲಿ ಸುಮಾರು 30 ಸಾವಿರ ಸೈನಿಕರ ಆಪರೇಷನ್ ಸೀಡರ್ ಫಾಲ್ಸ್. ಎರಡರಲ್ಲೂ ಸುರಂಗ ಪೂರ್ತಿ ನಾಶ ಆಗಲಿಲ್ಲ, ನಿಜ. 1968ರ ಟೆಟ್ ದಾಳಿಗೆ (ಟೆಟ್ ಅನ್ನುವ ಅಲ್ಲಿನ ಹೊಸವರ್ಷದ ಹೊತ್ತಿಗೆ ಅಮೆರಿಕ ಮತ್ತು ದಕ್ಷಿಣದ ಸೇನೆಗಳ ಮೇಲೆ ನಡೆದ ದೊಡ್ಡ ದಾಳಿ) ಸೈಗಾನ್ ಸುತ್ತ ತಯಾರಿ ನಡೆದದ್ದರಲ್ಲೂ ಈ ಸುರಂಗಗಳ ಪಾತ್ರ ದೊಡ್ಡದು. ಆಮೇಲೆ ಬಿ-52 ವಿಮಾನಗಳ ಬಾಂಬಿಗೆ ಬಹಳಷ್ಟು ಭಾಗ ಕುಸಿಯಿತು. ಒಳಗಿದ್ದವರ ಬದುಕು ಕೂಡ ನರಕವೇ. ಗಾಳಿ ಕಡಿಮೆ, ಹಗಲೆಲ್ಲ ಕತ್ತಲು, ಇರುವೆ, ಚೇಳು, ಹಾವು. ಮಲೇರಿಯಾ ಹಿಡಿಯದವರು ಕಡಿಮೆ. ಯುದ್ಧದ ಗಾಯ ಬಿಟ್ಟರೆ ಹೆಚ್ಚು ಜನ ಸತ್ತದ್ದು ಕಾಯಿಲೆಗೆ. ಈಗ ನೋಡುವ ಕಾಡು ಕೂಡ ಹೊಸದು. ಆಗಿನ ಮರಗಳನ್ನು ಬಾಂಬು, ಬುಲ್ಡೋಜರ್, ಎಲೆ ಉದುರಿಸುವ ವಿಷ ಸೇರಿ ಮುಗಿಸಿದ್ದವು. ನೆರಳಿನಲ್ಲಿ ನಡೆಯುವಾಗ ಇದು ನೆನಪಿರಲಿ.

ನನಗೆ ಲಿಫ್ಟ್‌ನಲ್ಲೇ ಉಸಿರು ಕಟ್ಟಿದ ಹಾಗೆ ಆಗುತ್ತದೆ. ಸುರಂಗಕ್ಕೆ ಇಳಿಯದಿದ್ದರೆ ಹೋಗಿ ಏನು ಪ್ರಯೋಜನ?
*ಬೆಂಗಳೂರಿನ ಓದುಗಿ*

ಇಳಿಯದಿದ್ದರೂ ಮುಕ್ಕಾಲು ಪಾಲು ನೋಡಬಹುದು. ಮೇಲೆ ಹೇಳಿದ ಅಡುಗೆಮನೆ, ಹುತ್ತ, ಬಾಂಬಿನ ಹೊಂಡ, ಸಭೆಯ ಕೋಣೆಯ ಮಾದರಿ, ಮಂದಿರ ಎಲ್ಲ ಹೊರಗೇ ಇವೆ. ಅಮ್ಮ ಇಳಿಯಲೇ ಇಲ್ಲ.

ಆದರೂ ಸ್ವಲ್ಪ ನೋಡೋಣ ಅನ್ನಿಸಿದರೆ ಇಷ್ಟು ತಿಳಿದಿರಿ. ಪ್ರವಾಸಿಗರಿಗೆ ಅಂತ ಬಿಟ್ಟಿರುವ ಸುರಂಗವನ್ನು ಅಗಲ ಮಾಡಿದ್ದಾರೆ, ಮಂದ ದೀಪ ಹಾಕಿದ್ದಾರೆ. ಮಧ್ಯೆ ಮಧ್ಯೆ ಹೊರಗೆ ಬರುವ ಮೆಟ್ಟಿಲು ಇವೆ, ಮೊದಲ ಮೆಟ್ಟಿಲಿನಲ್ಲೇ ಎದ್ದು ಬರಬಹುದು, ಯಾರೂ ಏನೂ ಅಂದುಕೊಳ್ಳುವುದಿಲ್ಲ. ಗುಂಪಿನಲ್ಲಿ ಹೋದರೆ ಕಷ್ಟ ಇರುವುದು ಇಲ್ಲೇ. ಮುಂದೆ ಹತ್ತು ಜನ, ಹಿಂದೆ ಹತ್ತು ಜನ, ನಡುವೆ ಯಾರೋ ಫೋಟೋ ತೆಗೆಯಲು ನಿಂತರೆ ನೀವು ಅಲ್ಲೇ ಸಿಕ್ಕಿಕೊಂಡಿರಿ. ನನಗೆ ಮೊದಲ ಸಲ ಹೀಗೇ ಆಗಿ ಎದೆ ಹೊಡೆದುಕೊಳ್ಳಲು ಶುರುವಾಗಿತ್ತು. ಎರಡನೇ ಸಲ ಗೈಡ್ ಟಾರ್ಚ್ ಹಿಡಿದು ಮುಂದೆ, ನಾನು ಹಿಂದೆ, ಬೇರೆ ಯಾರೂ ಇಲ್ಲ. ಅವರು ನಾಲ್ಕು ಹೆಜ್ಜೆಗೊಮ್ಮೆ ತಿರುಗಿ 'ಸರಿ ಇದ್ದೀರಾ?' ಅಂತ ಕೇಳುತ್ತಿದ್ದರು. ಒಂದು ತಿರುವಿನಲ್ಲಿ ಕೂರಿಸಿ, ನನ್ನನ್ನು ಕೇಳಿಯೇ, ಟಾರ್ಚ್ ಆರಿಸಿದರು. ಅಲ್ಲಿ ದೀಪವೂ ಇರಲಿಲ್ಲ. ಕಣ್ಣು ಮುಚ್ಚಿದರೂ ತೆರೆದರೂ ಒಂದೇ. ನನ್ನ ಉಸಿರಿನ ಸದ್ದು ಗೋಡೆಗೆ ತಾಗಿ ನನಗೇ ವಾಪಸ್ ಕೇಳುತ್ತಿತ್ತು. ಅರ್ಧ ನಿಮಿಷ ಇದ್ದಿರಬಹುದು, ಅಷ್ಟೇ.

ಬಿಪಿ, ಆಸ್ತಮಾ, ಹೃದಯದ ತೊಂದರೆ ಇದ್ದವರು ಇಳಿಯಲೇಬಾರದು. ಇದರಲ್ಲಿ ಹಠ ಬೇಡ.

ಮಗನಿಗೆ ಹತ್ತು ವರ್ಷ. ಅಲ್ಲಿ ಬಂದೂಕು ಹೊಡೆಯಲು ಕೊಡ್ತಾರಂತೆ, ಅದಕ್ಕೇ ಕುಣಿಯುತ್ತಿದ್ದಾನೆ. ಮಕ್ಕಳನ್ನು ಕರೆದುಕೊಂಡು ಹೋಗಬಹುದಾ?
*ಮೈಸೂರಿನ ಓದುಗಿ*

ಕರೆದುಕೊಂಡು ಹೋಗಿ. ಬಂದೂಕಿನ ಜಾಗಕ್ಕೆ ಮಾತ್ರ ಬೇಡ.

ಎಕೆ-47, ಎಂ-16 ತರಹದ ಬಂದೂಕುಗಳಿಂದ ಗುರಿ ಹೊಡೆಯುವ ಜಾಗ ಅಲ್ಲಿದೆ. ಗುಂಡನ್ನು ಲೆಕ್ಕ ಮಾಡಿ ಮಾರುತ್ತಾರೆ. ಅಲ್ಲಿನ ಸದ್ದು ಕಿವಿಗೆ ಅಲ್ಲ, ಎದೆಗೇ ಬಡಿಯುತ್ತದೆ. ಅಷ್ಟು ಜನ ಸತ್ತ ನೆಲದಲ್ಲಿ ಹಾಗೆ ಆಟಕ್ಕೆ ಗುಂಡು ಹಾರಿಸುವುದು ನನಗೆ ಒಪ್ಪಿಗೆ ಆಗಲಿಲ್ಲ. ಇದು ನನ್ನ ಅಭಿಪ್ರಾಯ. ಅಲ್ಲಿಯವರಿಗೆ ಅದು ಜೀವನೋಪಾಯ, ಅವರನ್ನು ನಾನು ದೂರುವುದಿಲ್ಲ. ಆದರೆ ಹತ್ತು ವರ್ಷದ ಹುಡುಗನಿಗೆ ಯುದ್ಧ ಅಂದರೆ ಸದ್ದು, ಥ್ರಿಲ್ ಅಂತ ಮನಸ್ಸಿನಲ್ಲಿ ಕೂತುಬಿಡಬಾರದು ಅಲ್ವಾ? ಗೈಡ್‌ಗೆ ಮೊದಲೇ ಹೇಳಿದರೆ ಆ ಜಾಗದಿಂದ ದೂರದ ದಾರಿಯಲ್ಲಿ ಕರೆದುಕೊಂಡು ಹೋಗುತ್ತಾರೆ. ಸದ್ದು ಮಾತ್ರ ಎಲ್ಲ ಕಡೆ ಕೇಳಿಸುತ್ತದೆ, ಅದಕ್ಕೆ ಉಪಾಯ ಇಲ್ಲ.

ಬಿದಿರಿನ ಮೊಳೆ ನೆಟ್ಟ ಬಲೆಗುಂಡಿಗಳನ್ನು ಸಾಲಾಗಿ ತೋರಿಸುತ್ತಾರೆ. ಮಗ ಅಂಜುವ ಸ್ವಭಾವದವನಾದರೆ ಅದನ್ನೂ ಬೇಗ ದಾಟಿಸಿ. ಬದಲಿಗೆ ಮುಚ್ಚಳದ ಗುಂಡಿಯ ಹತ್ತಿರ ನಿಲ್ಲಿ. ಅಲ್ಲಿನ ಸಿಬ್ಬಂದಿ ಒಣ ಎಲೆಗಳನ್ನು ಕಾಲಿನಿಂದ ಸರಿಸಿ, ಎಲ್ಲೂ ಏನೂ ಇಲ್ಲದ ನೆಲದಿಂದ ಒಂದು ಮರದ ಮುಚ್ಚಳ ಎತ್ತುತ್ತಾರೆ. ಎರಡೂ ಕೈ ಮೇಲಕ್ಕೆತ್ತಿ ಅದೇ ಮುಚ್ಚಳ ಹಿಡಿದು ಒಳಗಿಳಿದರೆ ಮುಗಿಯಿತು, ಮನುಷ್ಯ ಇದ್ದ ಗುರುತೇ ಇಲ್ಲ. ಹಳೆಯ ಟೈರು ಕತ್ತರಿಸಿ ಚಪ್ಪಲಿ ಮಾಡುವವರೂ ಅಲ್ಲಿ ಕೂತಿರುತ್ತಾರೆ. ಹೆಜ್ಜೆ ಗುರುತಿನಿಂದ ದಿಕ್ಕು ತಿಳಿಯದಿರಲಿ ಅಂತ ಆ ಚಪ್ಪಲಿಗಳನ್ನು ಹಿಂದುಮುಂದಾಗಿ ಕಟ್ಟಿ ನಡೆಯುತ್ತಿದ್ದರಂತೆ ಅಂತ ಹೇಳಿದರೆ ನಿಮ್ಮ ಮಗ ಊರಿಗೆ ಬಂದು ಗೆಳೆಯರಿಗೆಲ್ಲ ಹೇಳುತ್ತಾನೆ.

ಗೆದ್ದವರು ಹೇಳುವ ಕಥೆಯನ್ನೇ ಅಲ್ಲಿ ಹೇಳ್ತಾರಲ್ವಾ? ಇನ್ನೊಂದು ಕಡೆಯ ಮಾತು ಎಲ್ಲಿ ಸಿಗುತ್ತದೆ?
*ಧಾರವಾಡದ ವಿದ್ಯಾರ್ಥಿ*

ಒಳ್ಳೆಯ ಪ್ರಶ್ನೆ. ಹೌದು, ಅಲ್ಲಿ ಮೊದಲು ತೋರಿಸುವ ಹಳೆಯ ಕಪ್ಪುಬಿಳುಪು ಚಿತ್ರ ಯುದ್ಧದ ಕಾಲದ ಪ್ರಚಾರಕ್ಕೆ ಮಾಡಿದ್ದು. ಅದರಲ್ಲಿ ಅಮೆರಿಕದವರನ್ನು ಕೊಂದವರಿಗೆ ಬಿರುದು ಕೊಟ್ಟ ಸಂಗತಿ ಬರುತ್ತದೆ. ನಾವು ವಿಯೆಟ್ನಾಂ ಯುದ್ಧ ಅನ್ನುವುದನ್ನು ಅವರು ಅಮೆರಿಕದ ವಿರುದ್ಧದ ಯುದ್ಧ ಅನ್ನುತ್ತಾರೆ. ಬಾಂಬು ಬಿದ್ದದ್ದು ಅವರ ಹೊಲದ ಮೇಲೆ, ಹಾಗೆ ಕರೆಯುವುದು ಸಹಜವೇ. ಆದರೆ ಆ ಯುದ್ಧ ವಿಯೆಟ್ನಾಮಿನವರ ನಡುವೆಯೂ ನಡೆಯಿತು. ದಕ್ಷಿಣದ ಸೇನೆಯಲ್ಲಿ ಸತ್ತ ಲಕ್ಷಾಂತರ ಜನರ ಹೆಸರು ಆ ಗೋಡೆಯ ಮೇಲೆ ಇಲ್ಲ.

ಖಾಸಗಿ ಗೈಡ್ ಇದ್ದರೆ ಈ ಮಾತು ಕಾರಿನಲ್ಲಿ ಬರುತ್ತದೆ. ನಮ್ಮ ಗೈಡ್ ಸುರಂಗದ ಹತ್ತಿರ ಇರುವಷ್ಟು ಹೊತ್ತು ಎಲ್ಲರೂ ಹೇಳುವ ಕಥೆಯನ್ನೇ ಹೇಳಿದರು. ವಾಪಸ್ ಬರುವಾಗ ಅಮ್ಮ ಸುಮ್ನೆ 'ನಿಮ್ಮ ಮನೆಯಲ್ಲಿ ಯಾರಾದರೂ ಇದ್ದರಾ ಯುದ್ಧದಲ್ಲಿ?' ಅಂತ ಕೇಳಿದರು, ನಾನು ಇಂಗ್ಲಿಷಿಗೆ ಮಾಡಿದೆ. ಅವರ ಅಪ್ಪನ ಅಣ್ಣ ಸುರಂಗದವರ ಕಡೆ, ಅಮ್ಮನ ತಮ್ಮ ಸೈಗಾನ್ ಸರ್ಕಾರದ ಸೇನೆಯಲ್ಲಿ. ಇಬ್ಬರೂ ಬದುಕಿ ಉಳಿದರು. ಹಬ್ಬಕ್ಕೆ ಒಂದೇ ಮನೆಗೆ ಬರುತ್ತಿದ್ದರು, ಒಬ್ಬರ ಹತ್ತಿರ ಒಬ್ಬರು ಮಾತಾಡುತ್ತಿರಲಿಲ್ಲ. ಅಷ್ಟು ಹೇಳಿ ಅವರು ಕಿಟಕಿಯ ಕಡೆ ನೋಡಿದರು, ನಾವೂ ಮತ್ತೆ ಕೇಳಲಿಲ್ಲ. ಮೂವತ್ತೆಂಟು ಜನರ ಬಸ್ಸಿನಲ್ಲಿ ಮೈಕ್ ಹಿಡಿದು ಯಾರೂ ಇದನ್ನು ಹೇಳುವುದಿಲ್ಲ.

ಒಳಗೆ ಇಳಿದ ಎದುರು ಪಕ್ಷದ ಸೈನಿಕರ ಬಗ್ಗೆಯೂ ಓದಿಕೊಂಡು ಹೋಗಿ. ಅವರನ್ನು ಟನಲ್ ರ್‍ಯಾಟ್ ಅಂತ ಕರೆಯುತ್ತಿದ್ದರು, ಅಂದರೆ ಸುರಂಗದ ಇಲಿಗಳು. ಸಣ್ಣ ಮೈಕಟ್ಟಿನ ಹುಡುಗರು, ಕೈಯಲ್ಲಿ ಪಿಸ್ತೂಲು, ಚಾಕು, ಟಾರ್ಚ್ ಮಾತ್ರ. ಮೊದಮೊದಲು ಒಳಗೆ ಇಳಿದವರಲ್ಲಿ ಆಸ್ಟ್ರೇಲಿಯಾದ ಎಂಜಿನಿಯರ್ ದಳದವರೂ ಇದ್ದರು. ಅವರಲ್ಲಿ ಕಾರ್ಪೊರಲ್ ಬಾಬ್ ಬೌಟೆಲ್ 1966ರ ಜನವರಿಯಲ್ಲಿ ಇಲ್ಲೇ ಒಂದು ಸುರಂಗದಲ್ಲಿ ಸಿಕ್ಕಿಕೊಂಡು ಉಸಿರುಗಟ್ಟಿ ತೀರಿಕೊಂಡರು. ಕತ್ತಲಲ್ಲಿ ಆ ಅರ್ಧ ನಿಮಿಷ ಕೂತಾಗ ನನಗೆ ನೆನಪಾದದ್ದು ಅವರು.

ನಾವು ಶುದ್ಧ ಸಸ್ಯಾಹಾರಿಗಳು. ಊಟಕ್ಕೆ ಏನು ಮಾಡೋದು?
*ಉಡುಪಿಯ ಓದುಗಿ*

ಸುರಂಗ ನೋಡಿದ ಮೇಲೆ ಅಲ್ಲೇ ಬೇಯಿಸಿದ ಮರಗೆಣಸು ಮತ್ತು ಚಹಾ ಕೊಡುತ್ತಾರೆ. ಯುದ್ಧದ ಕಾಲದಲ್ಲಿ ಅವರ ಹೊಟ್ಟೆ ತುಂಬಿಸಿದ್ದು ಅದೇ. ಶೇಂಗಾ, ಎಳ್ಳು, ಉಪ್ಪು, ಸಕ್ಕರೆ ಕುಟ್ಟಿದ ಪುಡಿಯಲ್ಲಿ ಅದ್ದಿಕೊಂಡು ತಿನ್ನಬೇಕು. ಬಿಸಿ ಇದ್ದಾಗ ನಮ್ಮ ಶೇಂಗಾ ಚಟ್ನಿಪುಡಿ ಹಚ್ಚಿದ ಗೆಣಸಿನ ರುಚಿಯೇ, ಖಾರ ಒಂದಿಲ್ಲ. ಊಟಕ್ಕೆ ನಗರಕ್ಕೆ ವಾಪಸ್ ಬನ್ನಿ. ಅಲ್ಲಿ 'ಚಾಯ್' ಅಂತ ಬೋರ್ಡ್ ಇರುವ ಊಟದ ಮನೆಗಳು ಸಸ್ಯಾಹಾರದವು, ಬೌದ್ಧರು ನಡೆಸುವಂಥವು. ಭಾರತೀಯ ಹೋಟೆಲ್‌ಗಳೂ ಇವೆ. ಗೈಡ್‌ಗೆ ಮೊದಲೇ ಹೇಳಿ, ಮೀನಿನ ಸಾಸ್ ಬೇಡ ಅಂತ ಒತ್ತಿ ಹೇಳಿ.

ಗೈಡ್ ಆರಿಸುವಾಗ ಏನು ಕೇಳಬೇಕು? ನಾವು ಮೊದಲ ಸಲ ದೇಶ ಬಿಟ್ಟು ಹೋಗ್ತಾ ಇರೋದು.
*ತುಮಕೂರಿನ ಓದುಗರು*

ಮೊದಲು, ಅವರ ಹತ್ತಿರ ಅಂತರರಾಷ್ಟ್ರೀಯ ಗೈಡ್ ಕಾರ್ಡ್ ಇದೆಯಾ ಅಂತ ಕೇಳಿ. ಅದು ಕೊರಳಲ್ಲಿ ಹಾಕುವ ಫೋಟೋ ಇರುವ ಕಾರ್ಡು. ವಿದೇಶಿಯರನ್ನು ಕರೆದುಕೊಂಡು ಹೋಗಲು ಅಲ್ಲಿ ಅದು ಬೇಕೇ ಬೇಕು. ಆಮೇಲೆ, ಹೇಳಿದ ದುಡ್ಡಿನಲ್ಲಿ ಏನೇನು ಸೇರಿದೆ ಅಂತ ಒಂದೊಂದಾಗಿ ಕೇಳಿ. ಪ್ರವೇಶದ ಟಿಕೆಟ್ ಸೇರಿದೆಯಾ, ನೀರು ಸೇರಿದೆಯಾ, ದಾರಿಯಲ್ಲಿ ಅಂಗಡಿಗಳಿಗೆ ನಿಲ್ಲಿಸುತ್ತೀರಾ. ಅಂಗಡಿ ಬೇಡ ಅಂದರೆ ಬೇಡ ಅಂತ ಸ್ಪಷ್ಟವಾಗಿ ಹೇಳಿ. ನನ್ನ ಮೊದಲ ಸಲದ ಏಜೆನ್ಸಿಯವರು ಟಿಕೆಟ್ ಸೇರಿದೆ ಅಂದು ಗೇಟಿನಲ್ಲಿ ಮತ್ತೆ ದುಡ್ಡು ಕೇಳಿದ್ದರು. ಆದ್ದರಿಂದ ಎಲ್ಲ ಮೆಸೇಜಿನಲ್ಲಿ ಬರೆದು ಇಟ್ಟುಕೊಳ್ಳಿ.

ಕು ಚಿ ಮತ್ತು ಮೆಕಾಂಗ್ ನದಿ ಎರಡನ್ನೂ ಒಂದೇ ದಿನದಲ್ಲಿ ತೋರಿಸುತ್ತೇವೆ ಅನ್ನುವವರನ್ನು ಬಿಟ್ಟುಬಿಡಿ. ಎರಡೂ ಬೇರೆ ದಿಕ್ಕು, ದಿನ ಪೂರ್ತಿ ಗಾಡಿಯಲ್ಲೇ ಕಳೆಯುತ್ತದೆ. ನಗರದಲ್ಲಿರುವ ಯುದ್ಧದ ಕುರುಹುಗಳ ವಸ್ತುಸಂಗ್ರಹಾಲಯವನ್ನೂ (ವಾರ್ ರೆಮ್ನಂಟ್ಸ್ ಮ್ಯೂಸಿಯಂ) ಅದೇ ದಿನ ನೋಡಬೇಡಿ, ಮನಸ್ಸಿಗೆ ತುಂಬಾ ಭಾರ ಆಗುತ್ತದೆ. ಡಿಸೆಂಬರ್‌ನಿಂದ ಏಪ್ರಿಲ್ ಒಣಗಾಲ, ನಡೆಯಲು ಅನುಕೂಲ. ಮೈ ಮುಚ್ಚುವ ಹಗುರ ಬಟ್ಟೆ, ಬೆರಳು ಮುಚ್ಚುವ ಶೂ, ಸೊಳ್ಳೆ ಮುಲಾಮು ಇರಲಿ. ಬಿಳಿ ಬಟ್ಟೆ ಬೇಡ, ಆ ಕೆಂಪು ಮಣ್ಣು ಬಿಡುವುದಿಲ್ಲ. ಅಮ್ಮನ ಒಂದು ಸೀರೆಯ ಅಂಚಿನಲ್ಲಿ ಇನ್ನೂ ಇದೆ.

ನಾವು ಮಧ್ಯ ವಿಯೆಟ್ನಾಂನ ಹ್ಯೂ ನಗರದ ಕಡೆಯೂ ಹೋಗ್ತೀವಿ. ಅಲ್ಲಿ ಇನ್ನೊಂದು ಸುರಂಗ ಇದೆ ಅಂತಾರೆ, ಕು ಚಿ ನೋಡಿದ ಮೇಲೆ ಅದೂ ಬೇಕಾ?
*ಮಂಗಳೂರಿನ ಓದುಗರು*

ಅದು ವಿನ್ ಮೋಕ್. ಸಮಯ ಇದ್ದರೆ ಖಂಡಿತ ಹೋಗಿ. ಎರಡರಲ್ಲಿ ಒಂದೇ ಅನ್ನುವುದಾದರೆ, ಲಿಫ್ಟ್‌ನಲ್ಲಿ ಉಸಿರು ಕಟ್ಟುವ ಆ ಓದುಗಿಗೂ ನಾನು ಇದನ್ನೇ ಹೇಳುತ್ತೇನೆ, ಯಾಕೆಂದರೆ ಇಲ್ಲಿ ಬಹಳ ಕಡೆ ನಿಂತೇ ನಡೆಯಬಹುದು. ಎತ್ತರದವರು ತಲೆ ಬಗ್ಗಿಸಿದರೆ ಸಾಕು.

ಕು ಚಿ ಹೋರಾಡಿದವರ ಸುರಂಗ. ವಿನ್ ಮೋಕ್ ಒಂದು ಮೀನುಗಾರರ ಹಳ್ಳಿ. ಆಗಿನ ಉತ್ತರ ದಕ್ಷಿಣ ವಿಯೆಟ್ನಾಂಗಳ ಗಡಿಗೆ ಸ್ವಲ್ಪ ಉತ್ತರಕ್ಕೆ, ಸಮುದ್ರದ ದಂಡೆಯಲ್ಲಿ ಇದೆ. ಬಾಂಬು ತಡೆಯಲಾಗದೆ 1966ರಲ್ಲಿ ಊರಿನವರು ಇಡೀ ಊರನ್ನೇ ನೆಲದೊಳಗೆ ಇಳಿಸಿದರು. ಇಲ್ಲೂ ಮೂರು ಅಂತಸ್ತು, 12, 15 ಮತ್ತು 23 ಮೀಟರ್ ಆಳದಲ್ಲಿ. ಹದಿಮೂರು ಬಾಗಿಲು, ಅದರಲ್ಲಿ ಏಳು ಸಮುದ್ರದ ಕಡೆಗೆ. ದಾರಿಯ ಎರಡೂ ಪಕ್ಕ ಗೋಡೆಯೊಳಗೆ ತೋಡಿದ ಸಣ್ಣ ಸಣ್ಣ ಗೂಡುಗಳು, ಒಂದೊಂದು ಕುಟುಂಬಕ್ಕೆ ಒಂದೊಂದು. ಒಂದು ಗೂಡಿನಲ್ಲಿ ಗಂಡ ಹೆಂಡತಿ ಮಕ್ಕಳು ಒತ್ತಿಕೊಂಡು ಕೂರಬಹುದು, ಕಾಲು ಚಾಚಲು ಆಗುವುದಿಲ್ಲ.

ಹ್ಯೂದಿಂದ ಉತ್ತರಕ್ಕೆ ನೂರು ಕಿಲೋಮೀಟರಿಗಿಂತ ಸ್ವಲ್ಪ ಜಾಸ್ತಿ. ಕಾರು, ಗೈಡ್ ಮಾಡಿಕೊಂಡರೆ ದಾರಿಯಲ್ಲಿ ಎರಡು ದೇಶಗಳ ನಡುವೆ ಗಡಿಯಾಗಿದ್ದ ಬೆನ್ ಹಾಯ್ ನದಿಯ ಹಳೆಯ ಸೇತುವೆಯನ್ನೂ ನೋಡಿಕೊಂಡು ಸಂಜೆಗೆ ವಾಪಸ್ ಬರಬಹುದು. ಮೆಟ್ಟಿಲು ಒದ್ದೆ ಇರುತ್ತವೆ, ಜಾರದ ಶೂ ಹಾಕಿ.

ಇಲ್ಲಿಗೆ ಅಮ್ಮ ಇಳಿದರು. ನನ್ನ ಭುಜ ಹಿಡಿದುಕೊಂಡು, ಒಂದೊಂದೇ ಮೆಟ್ಟಿಲು. ಒಳಗೆ ಹೆರಿಗೆ ಕೋಣೆ ಅಂತ ಬರೆದ ಒಂದು ಗೂಡು ಇದೆ. ಆ ಸುರಂಗದಲ್ಲಿ ಜನರಿದ್ದ ವರ್ಷಗಳಲ್ಲಿ ಹದಿನೇಳು ಮಕ್ಕಳು ಅಲ್ಲಿ ಹುಟ್ಟಿದರು. ಅಮ್ಮ ಅದರ ಮುಂದೆ ಬಹಳ ಹೊತ್ತು ನಿಂತು, 'ಬಾಣಂತಿಗೆ ಬಿಸಿನೀರು ಎಲ್ಲಿಂದ ತರುತ್ತಿದ್ದರು ಕೇಳು' ಅಂದರು. ಕೇಳಿದೆ. ಗೈಡ್ ಟಾರ್ಚನ್ನು ದಾರಿಯ ಮುಂದಕ್ಕೆ ತಿರುಗಿಸಿ, ಬಾವಿ ಆ ಕಡೆ ಇದೆ, ಬನ್ನಿ ತೋರಿಸುತ್ತೇನೆ ಅಂದರು.